ತೀರಾ ಕೆಳಗೆ ನಿಂತು ಬರೆದ ವರದಿ

(ಸಂಸ್ಥೆಯ ವಾರ್ಷಿಕ ಸಮಾರಂಭದಲ್ಲಿ ಮುಖ್ಯಾಧ್ಯಾಪಕರು ಮಾಡಿದ ಭಾಷಣ)



ವಾರ್ಷಿಕ ಸಮಾರಂಭದಲ್ಲಿ ಮುಖ್ಯಾಧ್ಯಾಪಕನಾದವನು ಶಾಲೆಯ ವರದಿಯನ್ನು ಒಪ್ಪಿಸುವುದು ರೂಢಿ. ಆ ಕರ್ತವ್ಯವು ಈಗ ತಾನೇ ಮುಗಿಯಿತು. ಎಷ್ಟು ಮಂದಿ ಪರೀಕ್ಷೆಗೆ ಕುಳಿತರು, ಎಷ್ಟು ಮಂದಿ ಉತ್ತೀರ್ಣರಾದರು, ಗ್ರಂಥಾಲಯಕ್ಕೆ ಯಾವ ಪುಸ್ತಕಗಳು ಬಂದವು, ಯಾವ ಮಹನೀಯರು ಯಾವ ಕೊಠಡಿಗೆ ಹಂಚು ಹೊದಿಸಿಕೊಟ್ಟರು ಎಂಬುದನ್ನೆಲ್ಲ ತಾವು ಸಹನೆಯಿಂದ ಆಲಿಸಿದಿರಿ. ಆ ವರದಿಯಲ್ಲಿ ಸುಳ್ಳು ಒಂದೂ ಇಲ್ಲ. ಆದರೂ ಅದನ್ನು ಓದಿ ಮಡಚಿಡುವಾಗ ನಮ್ಮ ಮನಸ್ಸಿನಲ್ಲಿ ಒಂದು ಅಳುಕು ಉಳಿಯಿತು. ಸುಳ್ಳಿಲ್ಲದ ಮಾತ್ರಕ್ಕೆ ವರದಿಯೊಂದು ಸತ್ಯವನ್ನು ಹೇಳಿದಂತಾಯಿತೇ? ಆ ಅಳುಕಿನ ಕಾರಣವನ್ನು ಕಡೆಯಲ್ಲಿ ನಿವೇದಿಸುತ್ತೇವೆ. ಅದಕ್ಕೆ ಮೊದಲು, ವರದಿಯನ್ನು ಎಲ್ಲಿ ನಿಂತು ಬರೆಯಬೇಕೆಂಬ ಪ್ರಶ್ನೆಯನ್ನೇ ಬಾಳಿನ ಪ್ರಶ್ನೆಯನ್ನಾಗಿ ಮಾಡಿಕೊಂಡ ಜರ್ಮನಿಯ ಪತ್ರಕರ್ತರೊಬ್ಬರ ವಿಚಾರವನ್ನು ತಮ್ಮ ಮುಂದಿಡಬೇಕೆಂದು ಬಯಸಿದ್ದೇವೆ. ಅವರ ಹೆಸರು ಗ್ಯುಂಟರ್ ವಾಲ್ರಾಫ್.

ವಾಲ್ರಾಫರು ಹುಟ್ಟಿದ್ದು 1942ರ ಅಕ್ಟೋಬರ್ 1ರಂದು, ಕೊಲೋನ್ ನಗರದ ಸಮೀಪದ ಬುರ್ಶೈಡ್ ಎಂಬ ಊರಿನಲ್ಲಿ. ತಂದೆ ಕಾರು ತಯಾರಿಸುವ ಕಾರ್ಖಾನೆಯಲ್ಲಿ ದುಡಿದವರು. ಮಗ ಕಲಿತದ್ದು ಪುಸ್ತಕ ಮಾರಾಟದ ಕಸುಬು. ಆ ದೇಶದಲ್ಲಿ ಆಗ ತರುಣರಿಗೆ ಸೈನ್ಯದ ಸೇವೆ ಕಡ್ಡಾಯವಾಗಿತ್ತು. ಈ ತರುಣನನ್ನೂ ಕರೆದೊಯ್ದರು. ಆದರೆ ಈತ ಕೋವಿಯನ್ನು ಮುಟ್ಟಲೊಲ್ಲೆನೆಂದು ಹಟ ಹಿಡಿದು, ತನಗಾದ ಅನುಭವಗಳನ್ನು ದಿನಚರಿಯಲ್ಲಿ ಬರೆಯತೊಡಗಿದ. ಅಧಿಕಾರಿಗಳು ಅವನನ್ನು ಸೈನ್ಯದ ಆಸ್ಪತ್ರೆಯ ಮನೋರೋಗ ವಿಭಾಗಕ್ಕೆ ಕಳುಹಿಸಿ, ಕಡೆಗೆ ಯುದ್ಧಕ್ಕೂ ಶಾಂತಿಗೂ ಅಯೋಗ್ಯನಾದ ವಿಪರೀತ ಸ್ವಭಾವದವನೆಂಬ ಷರಾ ಬರೆದು ಮನೆಗೆ ಅಟ್ಟಿದರು. ಷರಾ ಬರೆಯುವುದು ಎಷ್ಟು ಸುಲಭ, ಬರೆಸಿಕೊಂಡವನಿಗೆ ಅದು ಎಷ್ಟು ಭಾರ ಎಂಬುದನ್ನು ಅವರು ಇಪ್ಪತ್ತರ ಹರೆಯದಲ್ಲಿಯೇ ಅರಿತರೆಂದು ತೋರುತ್ತದೆ.

ಅಲ್ಲಿಂದ ಹೊರಬಿದ್ದವರು ಪತ್ರಿಕಾ ಕಚೇರಿಯ ಬಾಗಿಲನ್ನು ತಟ್ಟಲಿಲ್ಲ; ಕಾರ್ಖಾನೆಗಳ ಬಾಗಿಲನ್ನು ತಟ್ಟಿದರು. ಒಂದೊಂದರಲ್ಲಿ ಸಾಮಾನ್ಯ ಕೂಲಿಯವರಾಗಿ ಸೇರಿ, ಯಂತ್ರದ ಮುಂದೆ ನಿಂತು ದುಡಿದು, ಅಲ್ಲಿಯ ಬದುಕು ಎಂತಹದೆಂಬುದನ್ನು ಬರೆದರು. ಆ ಬರಹಗಳು 1966ರಲ್ಲಿ ಪುಸ್ತಕವಾಗಿ ಹೊರಬಂದವು. ಯುದ್ಧದ ಬೂದಿಯಿಂದೆದ್ದು ಸಂಪತ್ತನ್ನು ಗಳಿಸುತ್ತಿದ್ದ ದೇಶ ಅದು. ಆ ಸಂಪತ್ತಿನ ಅಂಕಿಸಂಖ್ಯೆಗಳು ದಿನಪತ್ರಿಕೆಗಳಲ್ಲಿ ಧಾರಾಳವಾಗಿ ಬರುತ್ತಿದ್ದವು. ಅದನ್ನು ದುಡಿದು ತರುತ್ತಿದ್ದವನ ಬೆನ್ನುನೋವು ಮಾತ್ರ ಯಾವ ಅಂಕಣದಲ್ಲಿಯೂ ಇರಲಿಲ್ಲ.

ಮಾರುವೇಷದ ಕಥೆ ನಮಗೆ ಹೊಸದಲ್ಲ. ರಾಜನು ರಾತ್ರಿಯ ಹೊತ್ತು ಕಂಬಳಿ ಹೊದ್ದು ಬೀದಿಯಲ್ಲಿ ತಿರುಗಿ ಪ್ರಜೆಗಳ ಸುಖದುಃಖಗಳನ್ನು ತಿಳಿದುಕೊಂಡ ಕಥೆಗಳನ್ನು ನಾವೆಲ್ಲರೂ ಅಜ್ಜಿಯ ಮಡಿಲಲ್ಲಿ ಕೇಳಿದವರೇ. ವಾಲ್ರಾಫರು ಆ ಹಳೆಯ ಉಪಾಯವನ್ನು ಈ ಕಾಲದ ಪತ್ರಿಕಾವೃತ್ತಿಗೆ ತಂದರು. 1977ರಲ್ಲಿ ಹಾನ್ಸ್ ಎಸ್ಸರ್ ಎಂಬ ಸುಳ್ಳು ಹೆಸರಿನಿಂದ, ಲಕ್ಷಾಂತರ ಪ್ರತಿಗಳು ಮಾರಾಟವಾಗುತ್ತಿದ್ದ ‘ಬಿಲ್ಡ್’ ಎಂಬ ದಿನಪತ್ರಿಕೆಯ ಹನೋವರ್ ಕಚೇರಿಯನ್ನು ಸೇರಿ, ಕೆಲವು ತಿಂಗಳು ಸುದ್ದಿಗಾರರಾಗಿ ದುಡಿದರು. ಸಾಮಾನ್ಯರ ಸಂಕಟವನ್ನು ಉಬ್ಬಿಸಿ, ತಿರುಚಿ ಹೇಗೆ ಸರಕಾಗಿ ಮಾರುತ್ತಾರೆಂಬುದನ್ನು ಒಳಗಿನಿಂದ ಕಂಡು, ಅದೇ ವರ್ಷ ಪುಸ್ತಕ ಬರೆದರು. ಪತ್ರಿಕೆಯ ಒಡೆಯರು ನ್ಯಾಯಾಲಯಕ್ಕೆ ಹೋದರು. 1981ರಲ್ಲಿ ಒಂದು ಉನ್ನತ ನ್ಯಾಯಪೀಠವು ಲೇಖಕರ ಪರವಾಗಿ ನಿಂತಿತು. 1984ರಲ್ಲಿ ಸಂವಿಧಾನ ನ್ಯಾಯಾಲಯವು ಆ ತೀರ್ಪಿಗೆ ಒಂದು ಗೆರೆ ಎಳೆಯಿತು. ಕಪಟದಿಂದ ಪಡೆದ ಸಂಗತಿಯನ್ನು ಸಾಮಾನ್ಯವಾಗಿ ಪ್ರಕಟಿಸಲಾಗದು. ಅದು ಬಯಲಾಗುವುದರಿಂದ ಜನರಿಗಾಗುವ ಹಿತವು ಕಪಟದಿಂದಾಗುವ ಕೇಡನ್ನು ಸ್ಪಷ್ಟವಾಗಿ ಮೀರಿದಾಗ ಮಾತ್ರ ಅದಕ್ಕೆ ಎಡೆಯುಂಟು ಎಂಬುದು ಆ ತೀರ್ಪಿನ ಸಾರ.

ವಿದ್ಯಾರ್ಥಿಗಳೇ, ಈ ಮಾತನ್ನು ತಾವು ನೆನಪಿನಲ್ಲಿಟ್ಟುಕೊಳ್ಳಬೇಕು. ಸತ್ಯವನ್ನೇ ನುಡಿಯಿರಿ ಎಂದು ನಿಮಗೆ ದಿನವೂ ಬೋಧಿಸುವ ನಾವು, ಸುಳ್ಳು ಹೆಸರನ್ನು ಹೇಳಿಕೊಂಡು ಒಳಹೊಕ್ಕವನನ್ನು ಈ ವೇದಿಕೆಯಿಂದ ಹೊಗಳಬಹುದೇ ಎಂಬ ಸಂದೇಹ ನಮಗೂ ಬಂದಿತ್ತು. ಬಲವುಳ್ಳವನು ತನ್ನ ತಪ್ಪನ್ನು ಮುಚ್ಚಲು ಆಡುವ ಸುಳ್ಳು ಬೇರೆ, ಆ ಮುಚ್ಚಳವನ್ನು ತೆರೆಯಲು ಒಬ್ಬನು ತೊಡುವ ವೇಷ ಬೇರೆ. ಆದರೆ ಎರಡನೆಯದಕ್ಕೂ ಮಿತಿಯುಂಟು, ಬೆಲೆಯುಂಟು. ಬೆಲೆಯನ್ನು ತಾನೇ ತೆರುವವನಿಗೆ ಮಾತ್ರ ಆ ವೇಷ ಒಪ್ಪುತ್ತದೆ. ವಾಲ್ರಾಫರು ತೆತ್ತವರು. 1974ರ ಮೇ ತಿಂಗಳಲ್ಲಿ ಗ್ರೀಸ್ ದೇಶವು ಸೇನಾಧಿಕಾರಿಗಳ ಆಳ್ವಿಕೆಯಲ್ಲಿ ನರಳುತ್ತಿದ್ದಾಗ, ಅಥೆನ್ಸ್ ನಗರದ ಚೌಕದಲ್ಲಿ ದೀಪದ ಕಂಬಕ್ಕೆ ತಮ್ಮನ್ನು ಸರಪಳಿಯಿಂದ ಬಿಗಿದುಕೊಂಡು ಪ್ರತಿಭಟಿಸಿದರು. ಪೋಲೀಸರಿಂದ ಚಿತ್ರಹಿಂಸೆಗೊಳಗಾಗಿ 14 ತಿಂಗಳ ಸೆರೆವಾಸದ ಶಿಕ್ಷೆಯನ್ನು ಪಡೆದರು. ಕೆಲವೇ ತಿಂಗಳುಗಳಲ್ಲಿ ಆ ಆಳ್ವಿಕೆಯೇ ಉರುಳಿದ್ದರಿಂದ ಬಿಡುಗಡೆಯಾಯಿತು.

ಇನ್ನು ಅವರ ಹೆಸರನ್ನು ಲೋಕಕ್ಕೆಲ್ಲ ತಿಳಿಸಿದ ಕೆಲಸಕ್ಕೆ ಬರೋಣ. ಯುದ್ಧಾನಂತರ ಪಶ್ಚಿಮ ಜರ್ಮನಿಯ ಕಾರ್ಖಾನೆಗಳಿಗೆ ಕೈಗಳು ಸಾಲದಾದವು. 1955ರಲ್ಲಿ ಇಟಲಿಯೊಡನೆ, 1961ರ ಅಕ್ಟೋಬರಿನಲ್ಲಿ ತುರ್ಕಿಯೊಡನೆ ಒಪ್ಪಂದ ಮಾಡಿಕೊಂಡು ಕೆಲಸಗಾರರನ್ನು ಕರೆಸಿದರು. ಅವರಿಗೆ ‘ಅತಿಥಿ ಕೆಲಸಗಾರರು’ ಎಂಬ ಮರ್ಯಾದೆಯ ಹೆಸರಿತ್ತು. ನಮ್ಮಲ್ಲಿ ಅತಿಥಿಗೆ ಮಣೆ ಹಾಕಿ ಉಪಚರಿಸುತ್ತಾರೆ. ಅಲ್ಲಿ ಅತಿಥಿಯೆಂದರೆ ಕೆಲಸ ಮುಗಿದೊಡನೆ ಹೊರಟುಹೋಗಬೇಕಾದವನು ಎಂಬುದಷ್ಟೇ ಅರ್ಥ. 1973ರ ನವೆಂಬರಿನಲ್ಲಿ ಕರೆಸುವುದನ್ನು ನಿಲ್ಲಿಸಿದರು. ಆ ಹೊತ್ತಿಗೆ ಬಂದವರಲ್ಲಿ ಬಹು ಮಂದಿ ಮನೆ ಮಾಡಿ, ಮಕ್ಕಳನ್ನು ಶಾಲೆಗೆ ಸೇರಿಸಿ ನೆಲೆಸಿಬಿಟ್ಟಿದ್ದರು. ಇವರು ಇರಬೇಕೇ, ಹೋಗಬೇಕೇ ಎಂಬ ವಾದವು ಬೀದಿ ಬೀದಿಗಳಲ್ಲಿ ನಡೆಯುತ್ತಿತ್ತು. ವಾದಿಸುವವರಲ್ಲಿ ಅವರ ದಿನಚರಿಯನ್ನು ಬಲ್ಲವರು ಮಾತ್ರ ವಿರಳ.

1983ರಲ್ಲಿ ನಾಲ್ವತ್ತರ ಪ್ರಾಯದ ವಾಲ್ರಾಫರು ಕಣ್ಣಿಗೆ ಕಪ್ಪು ಬಣ್ಣದ ತೆಳು ಮಸೂರಗಳನ್ನು ಇಟ್ಟು, ಕಪ್ಪು ಕೂದಲಿನ ಟೋಪನ್ ಧರಿಸಿ, ಮೀಸೆ ಬಿಟ್ಟು, ‘ಅಲಿ’ ಎಂಬ ತುರ್ಕಿಯಾದರು. ತುರ್ಕಿಯವನೊಬ್ಬನು ತನ್ನ ಹೆಸರನ್ನೂ ಕಾಗದಪತ್ರಗಳನ್ನೂ ಅವರಿಗೆ ಒದಗಿಸಿದನು. ಗಟ್ಟಿಮುಟ್ಟಾದ ಪರದೇಶಿಯೊಬ್ಬನು ಎಂತಹ ಕೆಲಸಕ್ಕೂ ಸಿದ್ಧನಿದ್ದಾನೆಂದು ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟರು. ತುರ್ಕಿ ಭಾಷೆ ಅವರಿಗೆ ಬಾರದು. ಅದಕ್ಕೆ ಅವರು ಮಾಡಿದ ಉಪಾಯವು ನಮ್ಮಂತಹ ಭಾಷಾಶಿಕ್ಷಕರನ್ನು ಬೆಚ್ಚಿ ಬೀಳಿಸುವಂತಹದು. ತಮ್ಮ ತಾಯ್ನುಡಿಯಾದ ಜರ್ಮನ್ ಭಾಷೆಯನ್ನೇ ಪ್ರತ್ಯಯಗಳನ್ನು ನುಂಗಿ ಮುರುಕು ಮುರುಕಾಗಿ ಆಡಿದರು. ಅಷ್ಟರಿಂದಲೇ ಎದುರಿಗಿದ್ದವರು ಇವನು ಪರದೇಶಿ, ಆದ್ದರಿಂದ ದಡ್ಡ ಎಂದು ತೀರ್ಮಾನಿಸಿದರು. ನುಡಿ ತಪ್ಪಿದರೆ ಬುದ್ಧಿಯೇ ಇಲ್ಲವೆಂದು ಎಣಿಸುವ ಈ ದುರಭ್ಯಾಸ ಒಂದು ದೇಶದ್ದಲ್ಲ. ತಾಲೂಕಿನ ಕಚೇರಿಯಲ್ಲಿ ತಡವರಿಸುವ ಮರಾಠಿಯಲ್ಲಿ ಅರ್ಜಿ ಹೇಳಿಕೊಂಡ ನಮ್ಮ ಹಳ್ಳಿಯ ಕನ್ನಡಿಗರಿಗೆ ಅದರ ರುಚಿ ಗೊತ್ತು. ನಮ್ಮ ಕನ್ನಡ ಶಾಲೆಗೆ ಬಂದು ತಡವರಿಸುವ ಬೇರೆ ಮಾತಿನ ಮಗುವನ್ನು ನಾವು ಹೇಗೆ ನೋಡುತ್ತೇವೆಂಬುದನ್ನೂ ಇಲ್ಲಿಯೇ ಕೇಳಿಕೊಳ್ಳುವುದು ಒಳ್ಳೆಯದು.

ಸುಮಾರು ಎರಡು ವರ್ಷ ‘ಅಲಿ’ ದುಡಿದನು. ತ್ವರಿತ ತಿಂಡಿಯ ಅಂಗಡಿಯಲ್ಲಿ ಕೆಲಸ ಮಾಡಿದನು. ಔಷಧಿಗಳನ್ನು ಮನುಷ್ಯರ ಮೇಲೆ ಪ್ರಯೋಗಿಸಿ ನೋಡುವ ಕಡೆ ಹಣಕ್ಕಾಗಿ ದೇಹವನ್ನು ಒಡ್ಡಿದನು. ಡ್ಯೂಸ್‌ಬುರ್ಗ್ ನಗರದ ಟ್ಯುಸ್ಸೆನ್ ಉಕ್ಕಿನ ಕಾರ್ಖಾನೆಯಲ್ಲಿ ಧೂಳನ್ನು ಬಾಚಿದನು. ಆದರೆ ಅವನು ಆ ಕಾರ್ಖಾನೆಯ ನೌಕರನಲ್ಲ. ಕಾರ್ಖಾನೆಯವರು ಒಬ್ಬ ಗುತ್ತಿಗೆದಾರನಿಗೆ, ಅವನು ಇನ್ನೊಬ್ಬ ಒಳಗುತ್ತಿಗೆದಾರನಿಗೆ ಕೆಲಸವನ್ನು ಒಪ್ಪಿಸಿದ್ದರು. ಮೇಲಿನಿಂದ ಹೊರಟ ಕೂಲಿ ಪ್ರತಿ ಮೆಟ್ಟಿಲಿನಲ್ಲಿಯೂ ಸೋರುತ್ತ ಕೆಳಗೆ ಬರುವಷ್ಟರಲ್ಲಿ ಅಂಗೈಯಷ್ಟೂ ಉಳಿಯುತ್ತಿರಲಿಲ್ಲ. ಒಂದರ ಬೆನ್ನಿಗೆ ಒಂದರಂತೆ ಎರಡು ಪಾಳಿಗಳನ್ನು ದುಡಿಸುತ್ತಿದ್ದರು. ಮೂಗಿಗೆ ಮುಸುಕಿಲ್ಲ; ಕಾಲಿಗೆ ಗಟ್ಟಿ ಬೂಟಿಲ್ಲ; ತಲೆಗೆ ಇದ್ದ ಶಿರಸ್ತ್ರಾಣವನ್ನೂ ಜರ್ಮನ್ ಕೆಲಸಗಾರನಿಗೆ ಬಿಟ್ಟುಕೊಡಬೇಕು. ವಿಷಾನಿಲದ ಎಚ್ಚರಿಕೆಯ ದೀಪ ಹೊತ್ತಿದಾಗಲೂ ಕೆಲಸ ನಿಲ್ಲಿಸಕೂಡದು. ಅಪಘಾತವಾದರೆ ಯಾರು ಹೊಣೆ ಎಂದು ಕೇಳಿದರೆ, ಕಾರ್ಖಾನೆಯು ಗುತ್ತಿಗೆದಾರನನ್ನು ತೋರಿಸುವುದು, ಗುತ್ತಿಗೆದಾರನು ಆಕಾಶವನ್ನು ತೋರಿಸುವನು. ವೇಷವನ್ನು ಕಳಚಿದ ಮೇಲೆಯೂ ಆ ಧೂಳು ವಾಲ್ರಾಫರ ಶ್ವಾಸನಾಳಗಳನ್ನು ಬಿಡಲಿಲ್ಲ.

ಕಡೆಗೆ ಒಳಗುತ್ತಿಗೆದಾರನ ಮನಸ್ಸಿನ ಆಳವನ್ನು ಅಳೆಯಲು ಅವರು ಗೆಳೆಯರೊಡಗೂಡಿ ಒಂದು ನಾಟಕವನ್ನು ಹೂಡಿದರು. ಪರಮಾಣು ವಿದ್ಯುತ್ ಸ್ಥಾವರದಲ್ಲಿ ಕೆಟ್ಟಿರುವುದನ್ನು ಸರಿಪಡಿಸಲು ಕೆಲವು ತುರ್ಕಿಯರು ಬೇಕು. ವಿಕಿರಣದ ಅಪಾಯವನ್ನು ಅವರಿಗೆ ತಿಳಿಸಕೂಡದು. ಬಳಿಕ ಅವರು ದೇಶ ಬಿಟ್ಟು ಹೋಗಬೇಕು ಎಂಬ ಸುಳ್ಳು ಬೇಡಿಕೆಯನ್ನು ಅವನ ಮುಂದಿಟ್ಟರು. ಆ ಮನುಷ್ಯನು ಹಿಂಜರಿಯದೆ ಆಳುಗಳನ್ನು ಒದಗಿಸಲು ಒಪ್ಪಿದನು. ಇದು ಹೂಡಿದ ನಾಟಕವೇ ಹೌದು; ಆದರೆ ಅವನು ಕೊಟ್ಟ ಒಪ್ಪಿಗೆ ನಾಟಕದ್ದಲ್ಲ.

ಈ ಅನುಭವಗಳು 1985ರ ಅಕ್ಟೋಬರಿನಲ್ಲಿ ಪುಸ್ತಕವಾಗಿ ಬಂದವು. ಅದರ ಹೆಸರಿನ ಅರ್ಥ ‘ತೀರಾ ಕೆಳಗೆ’ ಎಂದು. ಕೆಲವೇ ತಿಂಗಳುಗಳಲ್ಲಿ ಮಾರಾಟವು ಹತ್ತು ಲಕ್ಷ ಪ್ರತಿಗಳನ್ನು ದಾಟಿತು. ಮುಂದೆ 30ಕ್ಕೂ ಹೆಚ್ಚು ಭಾಷೆಗಳಿಗೆ ಅನುವಾದವಾಯಿತು. ಪುಸ್ತಕದೊಡನೆ ಒಂದು ಸಾಕ್ಷ್ಯಚಿತ್ರವೂ ಸಿದ್ಧವಾಗಿತ್ತು. ಯೋರ್ಗ್ ಗ್ಫ್ರೋರರ್ ಎಂಬವರ ನಿರ್ದೇಶನದ ಆ ಚಿತ್ರವು 1986ರಲ್ಲಿ ತೆರೆ ಕಂಡಿತು. ಕೆಲಸಗಾರನ ಕೈಚೀಲದಲ್ಲಿ ಕ್ಯಾಮೆರಾವನ್ನು ಅಡಗಿಸಿಟ್ಟು ತೆಗೆದ ಚಿತ್ರ ಅದು. ಬರೆದುದನ್ನು ಕಲ್ಪನೆಯೆಂದು ತಳ್ಳಿಹಾಕುವುದು ಸುಲಭ. ಯಜಮಾನನು ತನ್ನ ಬಾಯಿಂದಲೇ ಆಡಿದುದನ್ನು, ತನ್ನ ಮುಖದಲ್ಲಿಯೇ ತೋರಿದುದನ್ನು ತಳ್ಳಿಹಾಕುವುದು ಕಷ್ಟ. ಇದೇ ಸಾಕ್ಷ್ಯಚಿತ್ರದ ಬಲ. ಸರಕಾರದ ಇಲಾಖೆಗಳು ವಿಚಾರಣೆಗೆ ತೊಡಗಿದವು. ಕಾರ್ಖಾನೆಯವರು ಹೂಡಿದ ದಾವೆಯಲ್ಲಿ ಲೇಖಕರ ಆರೋಪಗಳಲ್ಲಿ ಹೆಚ್ಚಿನವು ನಿಂತವು. ಪುಸ್ತಕದಿಂದ ಬಂದ ಹಣದಲ್ಲಿ ಒಂದು ಪಾಲನ್ನು ವಾಲ್ರಾಫರು ಪರದೇಶದಿಂದ ಬಂದವರ ನೆರವಿಗಾಗಿ ನಿಧಿಯಾಗಿ ಇರಿಸಿದರು. ಸ್ವೀಡನ್ ದೇಶದ ಭಾಷೆಯಲ್ಲಿ ವೇಷ ಮರೆಸಿ ವರದಿ ಮಾಡುವುದಕ್ಕೆ ಅವರ ಹೆಸರಿನಿಂದಲೇ ಒಂದು ಕ್ರಿಯಾಪದ ಹುಟ್ಟಿ ನಿಘಂಟನ್ನು ಸೇರಿತು.

ಇಷ್ಟನ್ನೇ ಹೇಳಿ ಕೈ ಮುಗಿದರೆ ಇದು ಬರಿಯ ಸ್ತುತಿಪಾಠವಾದೀತು. ಎದುರು ಮಾತುಗಳೂ ಉಂಟು; ಅವುಗಳನ್ನು ಆಡಿದವರು ಯಜಮಾನರು ಮಾತ್ರವಲ್ಲ. ತುರ್ಕಿಯ ಲೇಖಕಿ ಆಯ್ಸೆಲ್ ಓಝಾಕಿನ್ ಅವರು ಈ ಪುಸ್ತಕವನ್ನು ಕಟುವಾಗಿ ವಿಮರ್ಶಿಸಿದರು. ‘ಅಲಿ’ ಬರಿಯ ದೀನ, ಬರಿಯ ಮುಗ್ಧ. ತುರ್ಕಿಯರೆಂದರೆ ಕನಿಕರಕ್ಕೆ ಮಾತ್ರ ಪಾತ್ರರೆಂಬ ಭಾವನೆಯನ್ನು ಅದು ಬೇರೂರಿಸುತ್ತದೆ ಎಂಬುದು ಆ ಆಕ್ಷೇಪದ ತಿರುಳು. 2009ರಲ್ಲಿ ವಾಲ್ರಾಫರು ಮೈಗೆ ಬಣ್ಣ ಬಳಿದು ಸೊಮಾಲಿಯಾದವನ ವೇಷದಲ್ಲಿ ಜರ್ಮನಿಯನ್ನು ಸುತ್ತಿ, ಬಾಡಿಗೆಯ ಮನೆ ಕೇಳಿದಾಗ, ರೈಲಿನಲ್ಲಿ ಕುಳಿತಾಗ ತಮಗಾದ ಅವಮಾನಗಳನ್ನು ‘ಬಿಳಿಯ ಮೇಲೆ ಕಪ್ಪು’ ಎಂಬ ಅರ್ಥದ ಹೆಸರಿನ ಚಿತ್ರದಲ್ಲಿ ತೋರಿಸಿದರು. ಆಗ ಆ ದೇಶದ ಕಪ್ಪು ವರ್ಣದ ನಾಗರಿಕರಲ್ಲಿ ಹಲವರು ಕೇಳಿದ ಪ್ರಶ್ನೆ ಇದು: ‘ನಾವು ಇಷ್ಟು ಕಾಲ ಹೇಳುತ್ತ ಬಂದುದನ್ನು ಯಾರೂ ನಂಬಲಿಲ್ಲ; ಬಿಳಿಯನು ಬಣ್ಣ ಬಳಿದುಕೊಂಡು ಹೇಳಿದರೆ ಮಾತ್ರ ನಂಬುವಿರಾ?’

ಈ ಪ್ರಶ್ನೆಯನ್ನು ನಾವು ಹಗುರವಾಗಿ ಎಣಿಸಲಾರೆವು. ಮಾರುವೇಷದ ರಾಜನು ಬೆಳಗಾಗುತ್ತಲೇ ಅರಮನೆಗೆ ಮರಳುವನು. ಬೀದಿಯವನು ಬೀದಿಯಲ್ಲಿಯೇ ಉಳಿಯುವನು. ವಾಲ್ರಾಫರು ಮಸೂರವನ್ನು ತೆಗೆದು ಟೋಪನನ್ನು ಕಳಚಿದ ಕ್ಷಣವೇ ಜರ್ಮನರಾದರು. ಅವರ ಮಗ್ಗುಲಲ್ಲಿ ಧೂಳು ಬಾಚುತ್ತಿದ್ದ ತುರ್ಕಿಗೆ ಕಳಚಲು ಏನಿತ್ತು?

ದೂರದರ್ಶನದಲ್ಲಿ ಅವರು ಮುಂದುವರಿಸಿದ ಕೆಲಸದಲ್ಲಿಯೂ ಇಂತಹದೇ ತೊಡಕು ಕಾಣುತ್ತದೆ. ಮುಖಪರಿಚಯ ಎಲ್ಲರಿಗೂ ಆದ ಮೇಲೆ, ವಯಸ್ಸೂ ಏರಿದ ಮೇಲೆ, ಅವರು ಕಿರಿಯ ವರದಿಗಾರರ ತಂಡವನ್ನು ಕಟ್ಟಿದರು. 2013ರಿಂದ ಆ ತಂಡದ ಕಾರ್ಯಕ್ರಮಗಳು ಆರ್‌ಟಿಎಲ್ ಎಂಬ ದೂರದರ್ಶನ ವಾಹಿನಿಯಲ್ಲಿ ಬಂದವು. ವೃದ್ಧರ ಆರೈಕೆಯ ಮನೆಗಳು, ಅಂಗವಿಕಲರ ವಸತಿಗಳು, ಹೋಟೆಲುಗಳ ಅಡಿಗೆಮನೆಗಳು, ಹೀಗೆ ಸಮಾಜವು ಬಾಗಿಲು ಮುಚ್ಚಿ ಮರೆತಿರುವ ಎಡೆಗಳನ್ನು ಅವರು ಹೊಕ್ಕರು. 2014ರಲ್ಲಿ ಬರ್ಗರ್ ಕಿಂಗ್ ಹೆಸರಿನಲ್ಲಿ ತಿಂಡಿಯಂಗಡಿಗಳನ್ನು ನಡೆಸುತ್ತಿದ್ದ ಒಂದು ಕಂಪನಿಯ ಒಳಗಿನ ಕೊಳಕನ್ನೂ, ಕೆಲಸಗಾರರ ಬವಣೆಯನ್ನೂ ಬಯಲಿಗೆಳೆದರು. ಆ ವರ್ಷದ ಕೊನೆಗೆ ಮೂಲ ಕಂಪನಿಯು ಅದರೊಡನೆ ಕರಾರನ್ನು ಮುರಿದುಕೊಂಡಿತು. 89 ಅಂಗಡಿಗಳು ಬಾಗಿಲು ಹಾಕಿದವು. ಸುಮಾರು 3,000 ಕೆಲಸಗಾರರು ತಮ್ಮ ಅನ್ನಕ್ಕೆ ಸಂಚಕಾರ ಬಂದೀತೆಂದು ಹೆದರಿದರು. ಬೆಳಕು ಹಿಡಿದುದು ಕೆಲಸಗಾರರ ಸಲುವಾಗಿ. ಬೆಂಕಿಯ ಕಾವು ಮೊದಲು ತಟ್ಟಿದುದೂ ಅವರಿಗೇ. ಹಾಗೆಂದು ಬೆಳಕು ಹಿಡಿಯಲೇಬಾರದೇ? ಹಿಡಿಯಬೇಕು. ಹಿಡಿದ ಮೇಲೆ ಅಲ್ಲಿಯೇ ಬಿಟ್ಟುಬಾರದೆ ಕಡೆಯವರೆಗೂ ನಿಲ್ಲಬೇಕು.

ಮಹಾಶಯರೇ, ಆರಂಭದಲ್ಲಿ ನಾವು ಹೇಳಿದ ಅಳುಕಿಗೆ ಈಗ ಮರಳುತ್ತೇವೆ.

ನಮ್ಮ ಜತ್ತ ಸೀಮೆಯು ಬರಗಾಲದ ಸೀಮೆ. ದೀಪಾವಳಿಯ ಸುಮಾರಿಗೆ ಕಾರ್ಖಾನೆಗಳ ಹಂಗಾಮು ಆರಂಭವಾಗುತ್ತಲೇ ಮುಕಾದಮನಿಂದ ಮುಂಗಡ ಪಡೆದ ಕುಟುಂಬಗಳು ಗಂಟುಮೂಟೆ ಕಟ್ಟಿಕೊಂಡು ಕಬ್ಬು ಕಡಿಯಲು ಪಶ್ಚಿಮದ ಕಡೆಗೆ ಹೊರಡುತ್ತವೆ. ಮಕ್ಕಳೂ ಜೊತೆಗೆ ಹೋಗುತ್ತಾರೆ. ಹಾಜರಿ ಪುಸ್ತಕದಲ್ಲಿ ಗೈರುಹಾಜರಿಯ ಗುರುತುಗಳು ಸಾಲಾಗಿ ಬೀಳುತ್ತವೆ. ಮೂರು ವರ್ಷಗಳ ಕೆಳಗೆ ಒಂಬತ್ತನೆಯ ತರಗತಿಯ ಒಬ್ಬ ಬಾಲಕನ ಹೆಸರಿನ ಮೇಲೆ ನಾವೇ ನಮ್ಮ ಕೈಯಿಂದ ಕೆಂಪು ಶಾಯಿಯ ಗೆರೆಯನ್ನು ಎಳೆದು, ‘ಸತತ ಗೈರುಹಾಜರಿ, ವಿದ್ಯೆಯಲ್ಲಿ ಆಸಕ್ತಿಯಿಲ್ಲ’ ಎಂದು ಷರಾ ಬರೆದೆವು. ಆ ವರ್ಷದ ವರದಿಯಲ್ಲಿ ಆ ಬಾಲಕನ ಮಾತೇ ಇರಲಿಲ್ಲ. ಆ ವರದಿಯಲ್ಲಿಯೂ ಸುಳ್ಳು ಒಂದೂ ಇರಲಿಲ್ಲ.

ವಾಲ್ರಾಫರ ಪುಸ್ತಕದ ಇಂಗ್ಲಿಷ್ ಅನುವಾದವನ್ನು ಓದಿ ಮುಗಿಸಿದ ಮೇಲೆ ಆ ಷರಾ ನಮ್ಮನ್ನು ಚುಚ್ಚತೊಡಗಿತು. ಕಳೆದ ಹಂಗಾಮಿನಲ್ಲಿ, ರಜೆಯ ಎರಡು ದಿನ, ಕಬ್ಬಿನ ಗದ್ದೆಗಳ ಅಂಚಿನಲ್ಲಿ ನಮ್ಮವರು ಹಾಕಿಕೊಂಡಿದ್ದ ಗುಡಿಸಲುಗಳಿಗೆ ಹೋಗಿ ಬಂದೆವು. ನಮಗೆ ವೇಷ ಬೇಕಾಗಿರಲಿಲ್ಲ. ಅವರು ನಮ್ಮವರು, ನಮ್ಮ ಮಾತನ್ನೇ ಆಡುವವರು. ಬೆಳಗಿನ ಜಾವದ ಚಳಿಯಲ್ಲಿ ಆ ಬಾಲಕನು ತಾಯಿಯ ಬೆನ್ನ ಹಿಂದೆ ಕಬ್ಬಿನ ಹೊರೆ ಕಟ್ಟುತ್ತಿದ್ದನು. ನಮ್ಮನ್ನು ಕಂಡು ತಲೆ ತಗ್ಗಿಸಿದನು. ತಾಯಿ ಸೆರಗಿನಿಂದ ಮುಖ ಒರೆಸಿಕೊಂಡು ಹೇಳಿದ ಮಾತು ಇದು: ‘ಗುರುಗಳ, ನಾವು ಕಬ್ಬು ಕಡದ್ವಿ, ನೀವು ನಮ್ಮ ಹುಡುಗನ ಹೆಸರ ಕಡದ್ರಿ. ಕಬ್ಬರ ಮತ್ತ ಚಿಗೀತೈತ್ರಿ.’

ಆ ಮಾತಿಗೆ ನಮ್ಮಲ್ಲಿ ಉತ್ತರವಿರಲಿಲ್ಲ. ಬಿ.ಎ., ಬಿ.ಟಿ. ಓದಿ, ಇಪ್ಪತ್ತು ವರ್ಷ ಬೋಧಿಸಿದ ಮೇಲೆ, ವರದಿಯೆಂದರೆ ಏನೆಂಬುದನ್ನು ಆ ಗದ್ದೆಯಲ್ಲಿ ಕಲಿತೆವು. ನಮ್ಮ ಷರಾವನ್ನು ಮೇಜಿನ ಮುಂದೆ ಕುಳಿತು ಬರೆದಿದ್ದೆವು. ಭಾರ ಎಲ್ಲಿ ಬೀಳುತ್ತದೆಯೋ ಅಲ್ಲಿ ನಿಂತು ಬರೆದಿದ್ದರೆ ‘ಆಸಕ್ತಿಯಿಲ್ಲ’ ಎಂಬ ಪದ ಲೇಖನಿಗೆ ಬರುತ್ತಿರಲಿಲ್ಲ.

ಆದ್ದರಿಂದ ಆಡಳಿತ ಮಂಡಳಿಯ ಹಿರಿಯರಲ್ಲಿ ನಮ್ಮದೊಂದು ವಿನಂತಿ. ಮುಂದಿನ ಹಂಗಾಮಿನ ಆರು ತಿಂಗಳು, ತಂದೆತಾಯಿಗಳು ಕಬ್ಬಿಗೆ ಹೋದ ಮಕ್ಕಳಿಗಾಗಿ, ಶಾಲೆಯ ಹಿಂದಿನ ಎರಡು ಕೊಠಡಿಗಳನ್ನು ರಾತ್ರಿಯ ವಸತಿಗೆ ಬಿಟ್ಟುಕೊಡಬೇಕು. ಜೋಳ, ಬೇಳೆಗಳನ್ನು ಊರಿನವರಿಂದ ಸಂಗ್ರಹಿಸುವ ಹೊಣೆಯನ್ನು ನಮ್ಮ ಶಿಕ್ಷಕ ವೃಂದವು ಹೊರುತ್ತದೆ. ಯಾರಾದರೊಬ್ಬ ಅಧ್ಯಾಪಕರು ಸರದಿಯಂತೆ ಅಲ್ಲಿಯೇ ಮಲಗುತ್ತಾರೆ; ಮೊದಲ ಸರದಿ ನಮ್ಮದು. ಕೆಂಪು ಗೆರೆ ಎಳೆದ ಆ ಹೆಸರನ್ನು ಮತ್ತೆ ಬರೆಯಲು ಅನುಮತಿ ಕೇಳಿದ್ದೇವೆ. ಆ ಬಾಲಕನು ಬರಲು ಒಪ್ಪಿದ್ದಾನೆ.

ವಿದ್ಯಾರ್ಥಿಗಳೇ, ಕಡೆಯದಾಗಿ ಒಂದು ಮಾತು ನಿಮಗೆ. ವಾಲ್ರಾಫರಂತಹವರು ಬೇಕು, ಮಾತು ಬಾರದವನ ಸಂಕಟವನ್ನು ಮಾತು ಬಲ್ಲವನು ಹೊತ್ತು ತಂದು ಲೋಕದ ಮುಂದಿಡುವುದು ಪುಣ್ಯದ ಕೆಲಸ. ಆದರೆ ಅದು ಅರ್ಧ ದಾರಿ. ಧೂಳು ಬಾಚುವವನು, ಕಬ್ಬು ಕಡಿಯುವವಳು ತನ್ನ ವರದಿಯನ್ನು ತಾನೇ, ತನ್ನ ನುಡಿಯಲ್ಲಿಯೇ, ತಡವರಿಸದೆ ಬರೆಯುವ ದಿನ ಬರಬೇಕು. ಕೇಳುವವರು ಅದನ್ನು ನಂಬಬೇಕು. ಅಂದು ಯಾರೂ ಅವರ ವೇಷ ತೊಡಬೇಕಾದ ಪ್ರಮೇಯ ಬಾರದು. ಗಡಿಯ ಈ ಮೂಲೆಯಲ್ಲಿ, ಮನೆಯ ಮಾತಿನಲ್ಲಿ ಅಕ್ಷರ ಕಲಿಸುವ ಈ ಶಾಲೆಯನ್ನು ನಮ್ಮ ಹಿರಿಯರು ಕಟ್ಟಿದ್ದು ಅದಕ್ಕಾಗಿಯೇ ಎಂದು ನಾವು ನಂಬಿದ್ದೇವೆ. ಮುಂದಿನ ವರ್ಷ ಇದೇ ವೇದಿಕೆಯ ಮೇಲೆ ಶಾಲೆಯ ವರದಿಯ ಒಂದು ಪುಟವನ್ನು ಹಂಗಾಮಿನಿಂದ ಮರಳಿದ ಮಗುವೊಂದು ಓದಬೇಕೆಂಬುದು ನಮ್ಮ ಆಸೆ.